ಅಕ್ಕಡಿ ಇಲ್ಲದ ಹೊಲ

ಕೋಳಿ ಕೂಗುವ ಮೊದಲೇ ತಿಮ್ಮಮ್ಮ ಕೊಟ್ಟಿಗೆಯ ಸಗಣಿ ಬಾಚಿ ತಿಪ್ಪೆಗೆ ಹಾಕಬೇಕು, ಬಾವಿಯಿಂದ ನೀರು ಹೊರಬೇಕು, ಎತ್ತಿಗೆ ಹುರುಳಿ ಬೇಯಲಿಟ್ಟು ರಾಗಿ ಬೀಸಲು ಕೂರಬೇಕು. ಬಾಗಿಲಿನ ರಂಗೋಲಿ ಮಾತ್ರ ಓರಗಿತ್ತಿ ಬಸವಮ್ಮನದು. ಗಂಡ ಸತ್ತ ಮೇಲೆ ತಿಮ್ಮಮ್ಮನಿಗೆ ಶುಭವೆಲ್ಲ ತಪ್ಪಿ, ಕೆಲಸವೆಲ್ಲ ಉಳಿದಿತ್ತು.

ಒಂದು ಮಾತ್ರ ಅವಳದೇ. ರಾಗಿಯ ನಡುವೆ ಬಿಡುವ ಅಕ್ಕಡಿ ಸಾಲಿಗೆಂದು ಅವರೆ, ತೊಗರಿ, ಹುಚ್ಚೆಳ್ಳು ಆಯ್ದು, ಬೂದಿ ಬೆರೆಸಿ ಮಡಕೆಯಲ್ಲಿ ಕಾಪಿಡುವುದು. ರಾಗಿ ಗಂಡಸರದು, ಅಕ್ಕಡಿ ಹೆಂಗಸರದು. ವರ್ಷವಿಡೀ ಸಾರು ಅದರದೇ. ಬಿತ್ತನೆ ಕಾಲಕ್ಕೆ ಊರ ಹೆಂಗಸರು ಕಾಳು ಕೇಳಿಕೊಂಡು ಬಂದು ಜಗಲಿಯಲ್ಲಿ ಕೂರುತ್ತಿದ್ದರು. ಅವಳ ಹೆಸರು ಹಿಡಿದು ಕರೆಯುವವರು ಆಗ ಮಾತ್ರ ಸಿಗುತ್ತಿದ್ದರು.

ಪಿರಿಯಾಪಟ್ಟಣದ ಸುತ್ತ ಹೊಗೆಸೊಪ್ಪು ಹಬ್ಬಿತು. ಅದರ ನಡುವೆ ಅಕ್ಕಡಿ ಹಾಕುವ ಹಾಗಿಲ್ಲ. ಈ ಸಲ ಮನೆಯ ಹೊಲದಲ್ಲೂ ಪೂರ್ತಿ ಅದೇ. ಕಾಳು ಕೇಳಲು ಯಾರೂ ಬರಲಿಲ್ಲ.

“ಅತ್ಗೆ, ಬ್ಯಾರನ್ ಕಟ್ಟೋ ಆಳುಗೊಳ್ಗೆ ಸಂಜೆ ಉಣ್ಣಾಕಿಕ್ಬೇಕು. ಮಡಕೇಲಿರೋ ಅವರೆ ಸುರಿದು ಬೇಯ್ಸು,” ಎಂದ ಮೈದುನ ನಂಜಣ್ಣ. ಹೊಗೆಸೊಪ್ಪು ಬೇಯಿಸಿ ಒಣಗಿಸುವ ಆ ಬ್ಯಾರನ್, ಹಿತ್ತಲಲ್ಲಿ ಆಳೆತ್ತರ ಎದ್ದಿತ್ತು.

“ಅದು ಬಿತ್ತನೆ ಕಾಳು ಕಣಪ್ಪ. ಈ ಮಳೇಲಿ ಬಿತ್ತದಿದ್ರೆ ಉಳ ಬಿದ್ದೋಯ್ತದೆ.”

“ಬಿತ್ತಾಕೆ ಹೊಲ ಎಲ್ಲೈತೆ? ನಿನ್ ತಲೆ ಮೇಲೆ ಬಿತ್ಕೊತೀಯಾ? ಬೇಕಾದಾಗ ಕಂಪಲಾಪುರದ ಸಂತೆಯಿಂದ ತಂದಾಕ್ತೀನಿ ಬುಡು.”

“ಅಕ್ಕಂಗೆ ಮಡಕೇನೇ ಮಕ್ಳು,” ಎಂದು ಬಸವಮ್ಮ ನಕ್ಕಳು.

ಎಲ್ಲರೂ ಸಸಿ ನಾಟಿಗೆ ಹೋದರು. ತಿಮ್ಮಮ್ಮ ಒಲೆ ಹೊತ್ತಿಸಲಿಲ್ಲ. ಮಡಕೆಗಳ ಕಾಳನ್ನು ಸೆರಗಿಗೆ ಸುರಿದುಕೊಂಡು, ಗುದ್ದಲಿ ಹಿಡಿದು ಊರಾಚೆಯ ತಮ್ಮ ಕಣಕ್ಕೆ ಹೋದಳು.

ವರ್ಷವರ್ಷವೂ ಆ ಒಕ್ಕಣೆ ಕಣವನ್ನು ಸಗಣಿ ಹಾಕಿ ಸಾರಿಸಿದ್ದು ಅವಳ ಕೈ. ರಾಶಿಪೂಜೆಯ ದಿನ ಮಾತ್ರ ವಿಧವೆ ಬೇಲಿಯಾಚೆ ನಿಲ್ಲಬೇಕು. ಕಣವನ್ನು ಅಗೆದರೆ ಮನೆಗೆ ಕೇಡು ಎಂಬ ಮಾತೂ ಇತ್ತು. ಆದರೆ ಹೊಗೆಸೊಪ್ಪಿಗೆ ಕಣ ಬೇಡ. ಈ ವರ್ಷ ಅಲ್ಲಿ ರಾಶಿ ಬೀಳುವುದೂ ಇಲ್ಲ. ಅಗೆದು ಬಿತ್ತಿದರೆ ನಂಜಣ್ಣ ಅವಳನ್ನು ಮನೆಯಿಂದ ಹೊರಗೆ ಹಾಕಬಹುದು. ಅಗೆಯದಿದ್ದರೆ ಸಂಜೆಗೆ ಅವರೆ ಸಾರು.

ಏನು ಮಾಡಲೆಂದು ಕೇಳಲು ಯಾರೂ ಇರಲಿಲ್ಲ. ತವರಿನಲ್ಲೂ ಇರಲಿಲ್ಲ.

ಸೆರಗಿನ ಗಂಟನ್ನು ಸೊಂಟಕ್ಕೆ ಬಿಗಿದು ಅವಳು ಬೇಲಿ ದಾಟಿದಳು. ಕಣದ ನಟ್ಟನಡುವೆ ಗುದ್ದಲಿ ಎತ್ತಿ ಹಾಕಿದಳು.