ಗೋಮಾಳದ ನಕ್ಷತ್ರ

ನಮ್ಮೂರ ಡೇರಿಯಲ್ಲಿ ಹಾಲು ನೋಡುವ ಮೆಷಿನ್ನಿನ ಪಕ್ಕ ಒಂದು ಕರಿ ಡಬ್ಬಿ ಇದೆ. ಕರೆಂಟು ಹೋದ ತಕ್ಷಣ ಪೀಂಕ್, ಪೀಂಕ್ ಎಂದು ಕೂಗಿಕೊಳ್ಳುತ್ತದೆ. ಮೊನ್ನೆ ಬೆಳಿಗ್ಗೆ ನಾನು ಸಾಲಿನಲ್ಲಿ ನಿಂತಿದ್ದಾಗ ಅದು ಕೂಗಿತು. ಬಾಯಿ ಸುಮ್ಮನಿರಲಿಲ್ಲ, "ಬಿರ್ನೆ ಒತ್ತಿ ಬಾವ!" ಅಂದುಬಿಟ್ಟೆ. ಹಿಂದೆ ನಿಂತವಳು ಕಿಸಕ್ಕನೆ ನಕ್ಕಳು. ನಗಲಿ. ಆ ಸದ್ದಿಗೆ ನನ್ನ ಮೂಗಿನ ತುಂಬ ಹಳೇ ಮನೆಯ ನಡುಮನೆ ಬಂದು ಕೂತಿತ್ತು. ರಾಗಿ ಮೂಟೆ, ಸಗಣಿ ಸಾರಿಸಿದ ನೆಲ, ಬಾವನ ಹೊಗೆಸೊಪ್ಪು, ಇವೆಲ್ಲದರ ನಡುವೆ ಕಾದ ಕಂಪ್ಯೂಟರಿನ ವಾಸನೆ. ಇಂಥಾ ವಾಸನೆ ಬೇರೆ ಯಾವ ಮನೆಯಲ್ಲೂ ಇದ್ದಿರಲಾರದು.

ಆ ಮನೆ ಈಗಿಲ್ಲ. ಹಾರೋಹಳ್ಳಿಯಿಂದ ಮರಳವಾಡಿ ಕಡೆಗೆ ಬರುವಾಗ ಉದ್ದಕ್ಕೆ ಫ್ಯಾಕ್ಟರಿ ಕಾಂಪೌಂಡು ಸಿಗುತ್ತದಲ್ಲ, ಅದರ ಒಳಗೆ ಎಲ್ಲೋ ಇತ್ತು. ನಿಮ್ಮಲ್ಲೂ ಕೆಲವರ ಮನೆ ಯಾವುದೋ ಕಾಂಪೌಂಡಿನ ಒಳಗೆ ಸೇರಿಹೋಗಿರುತ್ತದೆ, ಬಿಡಿಸಿ ಹೇಳಬೇಕಾಗಿಲ್ಲ. ಅದು ನನ್ನ ಸೋದರತ್ತೆಯ ಮನೆ. ನಾನು ಹುಟ್ಟಿದ್ದು ತಿಪ್ಪಸಂದ್ರದ ಕಡೆ. ರಾಗಿ ಕಣದ ಕೆಲಸ ಮುಗಿದ ಮೇಲೆ ಅಪ್ಪ ನನ್ನನ್ನು ತಂದು ಅತ್ತೆಯ ಹತ್ತಿರ ಬಿಟ್ಟರೆ ಯುಗಾದಿ ಕಳೆಯುವ ತನಕ ಅಲ್ಲೇ. ಸ್ಕೂಲು ಮೂರನೇ ಕ್ಲಾಸಿಗೇ ಬಿಟ್ಟಿದ್ದರಿಂದ ಎಲ್ಲಿ ಹೋದಳು ಅಂತ ಕೇಳುವವರೂ ಇರಲಿಲ್ಲ. ಕೊನೆಗೆ ಅತ್ತೆಯ ಮಗನಿಗೇ ನನ್ನನ್ನು ಕೊಟ್ಟರು. ಚಿಕ್ಕಂದಿನಲ್ಲಿ ಜಡೆ ಎಳೆದು ಓಡುತ್ತಿದ್ದ ಮನುಷ್ಯನನ್ನು ಮದುವೆಯಾದ ಮೇಲೆ ಇನ್ನೇನಂತ ಕರೆಯುವುದು? ಅವರು ಇರುವ ತನಕ ಬಾವ ಅಂತಲೇ ಕರೆದೆ.

ಆ ಮನೆಯ ಜಗುಲಿಗೆ ಹಾಸಿದ್ದು ಒಂದೇ ಚಪ್ಪಡಿ. ಅದರ ಮೂಲೆಯಲ್ಲಿ ಯಾವ ಕಾಲದವರೋ ಅಳಗುಳಿ ಆಟಕ್ಕೆ ಗುಳಿ ಕೊರೆದಿದ್ದರು, ಆಚೆ ಒಂದು ಸಾಲು, ಈಚೆ ಒಂದು ಸಾಲು. ಗುಳಿಯಿಂದ ಗುಳಿಗೆ ಹುಣಸೆ ಬೀಜ ಹಂಚುತ್ತಾ ಹೋಗುವುದು, ಸಮಯ ಸಿಕ್ಕಾಗ ಎದುರಿನವರದ್ದನ್ನು ಬಾಚಿಕೊಳ್ಳುವುದು. ಒಂದು ಆಟ ಮುಗಿದಾಗ ಯಾರ ಹತ್ತಿರ ತಮ್ಮ ಗುಳಿಗಳನ್ನು ತುಂಬುವಷ್ಟು ಬೀಜ ಇಲ್ಲವೋ ಅವರ ಖಾಲಿ ಗುಳಿಗೆ ಅತ್ತೆ ಒಂದು ಕಲ್ಲಿಡುತ್ತಿದ್ದರು. ಕಲ್ಲು ಬಿದ್ದ ಗುಳಿ ಅವರ ಕೈತಪ್ಪಿದ ಹಾಗೆ. ಮಾರನೆಯ ದಿನ ಉಳಿದ ಗುಳಿಗಳಲ್ಲೇ ಆಡಬೇಕು. ಗೆದ್ದರೆ ಕಲ್ಲು ಏಳುತ್ತದೆ, ಸೋತರೆ ಇನ್ನೊಂದು ಬೀಳುತ್ತದೆ. ಕೋಳಿ ಕೆದಕದ ಹಾಗೆ ಬೀಜದ ಮೇಲೆ ಮಂಕರಿ ಬೋರಲು ಹಾಕಿ ಮಲಗುವುದು, ಬೆಳಿಗ್ಗೆ ಎತ್ತಿ ಮತ್ತೆ ಕೂರುವುದು. ಕಣ ಮುಗಿದಾಗ ಶುರುವಾದ ಆಟ ಯುಗಾದಿಯವರೆಗೆ ಎಳೆಯುತ್ತಿತ್ತು. ಹಬ್ಬದ ಹಿಂದಿನ ದಿನ ಅತ್ತೆ ಬಿಂದಿಗೆ, ಪೊರಕೆ ಹಿಡಿದು ಬಂದು "ಬೀಜ ಎತ್ರಿ, ಜಗ್ಲಿ ತೊಳೀಬೇಕು" ಅಂದರೆ ಅಲ್ಲಿಗೆ ಆಟ ಬಂದ್. ಯಾರ ಕಡೆ ಎಷ್ಟು ಗುಳಿ ಇದೆಯೋ ಅಷ್ಟೇ. ಒಂದು ವರ್ಷ ಬಾವ ಗೆಲ್ಲುವ ಹತ್ತಿರ ಬಂದಿದ್ದರು. "ಅವ್ವ, ಇನ್ನೊಂದೇ ಒಂದಾಟ" ಅಂತ ಚಪ್ಪಡಿಯ ಮೇಲೆ ಬೋರಲು ಮಲಗಿಬಿಟ್ಟರು. ಅತ್ತೆ ಜಗುಲಿಯ ಜೊತೆಗೆ ಅವರನ್ನೂ ತೊಳೆದರು.

ಅತ್ತೆ ಹೋದರು, ನಮ್ಮ ಮಕ್ಕಳು ದೊಡ್ಡವರಾದರು, ಗುಳಿಗಳಲ್ಲಿ ಮಳೆನೀರು ನಿಂತು ಗುಬ್ಬಚ್ಚಿ ಕುಡಿಯುವುದಕ್ಕಾಯಿತು. ಎರಡು ಸಾವಿರ ಇಸವಿ ದಾಟಿದ ಮೇಲೆ ನಮ್ಮ ಕಡೆ ಫ್ಯಾಕ್ಟರಿಗಳ ಮಾತು ಶುರುವಾಯಿತು. ಆ ಸಮಯದಲ್ಲೇ ನನ್ನ ಮಗ ಕನಕಪುರದಿಂದ ಯಾರೋ ಬಳಸಿ ಬಿಟ್ಟ ಒಂದು ಕಂಪ್ಯೂಟರು, ಕರೆಂಟು ಹೋದರೆ ಅದನ್ನು ಸ್ವಲ್ಪ ಹೊತ್ತು ನಡೆಸುವ, ಡೇರಿಯಲ್ಲಿರುವಂಥದ್ದೇ ಒಂದು ಕರಿ ಡಬ್ಬಿ ತಂದ. ಅವನ ಮಗಳು ಪವಿತ್ರ ಕಂಪ್ಯೂಟರಿನಲ್ಲಿ ಓದುತ್ತಾಳಂತೆ. ಪವಿ ಓದಿದ್ದು ನಾನು ಕಾಣೆ. ಅದರ ಜೊತೆಯಲ್ಲಿ ಬಂದಿದ್ದ ಒಂದು ನಕ್ಷತ್ರದ ಆಟ ಹಚ್ಚಿಕೊಂಡು ಕೂತಳು. ಕರಿ ಆಕಾಶ, ಅದರ ತುಂಬ ಚುಕ್ಕಿ. ಒಂದು ಚುಕ್ಕಿಯಿಂದ ಇನ್ನೊಂದಕ್ಕೆ ಹಡಗು ಕಳಿಸಬೇಕು, ಜನ ಇಳಿಸಬೇಕು, ಬೆಳೆ ತೆಗೆಯಬೇಕು. ಅತ್ತ ಕೆಂಪು ಬಾವುಟದವರೂ ಅದನ್ನೇ ಮಾಡುತ್ತಿರುತ್ತಾರೆ. ನಮ್ಮ ಕೆಲಸ ಮುಗಿಸಿ ಮೂಲೆಯ ಗುಂಡಿ ಒತ್ತಿದರೆ ಅವರ ಸರದಿ, ಅವರದ್ದಾದ ಮೇಲೆ ಮತ್ತೆ ನಮ್ಮದು.

ಬಾವ ಮೊದಲು ಬಾಗಿಲಲ್ಲೇ ನಿಂತು "ಇದೇನವ್ವ, ಕಡ್ಲೆಪುರಿ ಚೆಲ್ದಂಗೈತೆ" ಅಂದರು. ಆಮೇಲೆ ರಾಗಿ ಮೂಟೆಯ ಮೇಲೆ ಕೂತು ನೋಡಿದರು. ವಾರ ಕಳೆಯುವುದರೊಳಗೆ ಕುರ್ಚಿಯ ಮೇಲೆ ಅವರು, ಮೂಟೆಯ ಮೇಲೆ ಪವಿ. ಯಾರೂ ಅವಸರ ಮಾಡದ ಆಟ ಅಂತ ಅವರಿಗೆ ಅದು ಹಿಡಿಸಿತು. ಗುಂಡಿ ಒತ್ತುವ ಮೊದಲು ಎಲೆಅಡಿಕೆ ಹಾಕಿಕೊಂಡು ಪೂರ್ತಿ ಅಗಿಯುವ ತನಕ ಯೋಚನೆ ಮಾಡುತ್ತಿದ್ದರು. ಪವಿ ಚಡಪಡಿಸುತ್ತಿದ್ದಳು. "ತಾತ, ಒತ್ತು ತಾತ!" "ತಡಿಯವ್ವ, ಬಿತ್ತಿದ್ ಕೂಡ್ಲೆ ಕುಯ್ಯಕ್ಕಾಯ್ತದಾ?" ಚುಕ್ಕಿಗಳಿಗೆಲ್ಲ ನಮ್ಮ ಹೊಲಗಳ ಹೆಸರಿಡಿಸಿದರು, ಹುಣಸೆಮರದ ಹೊಲ, ಕೆರೆ ಕೆಳಗಿನ ಗದ್ದೆ, ಅವ್ವನ ತೋಟ. ನಡುವಿನ ಒಂದು ಒಳ್ಳೆಯ ಚುಕ್ಕಿಯನ್ನು ಮಾತ್ರ ಖಾಲಿ ಬಿಟ್ಟರು. ಯಾಕೆ ಅಂದರೆ, "ಊರು ಅಂದ್ಮೇಲೆ ಗೋಮಾಳ ಬ್ಯಾಡ್ವಾ? ದನ ಎಲ್ ಮೇಯ್ಬೇಕು?"

"ಆಕಾಶದಲ್ಲಿ ದನ ಇಲ್ಲ ತಾತ."

"ಇವತ್ತಿಲ್ಲ. ನಾಳೆ ಬಂದ್ರೆ?"

ಕೆಂಪಿನವರಿಗೆ ಗೋಮಾಳ ಅಂದರೆ ಏನು ಗೊತ್ತು? ಮುಂದಿನ ಸರದಿಯಲ್ಲೇ ಬಂದು ಬಾವುಟ ನೆಟ್ಟುಬಿಟ್ಟರು. ಬಾವ ಎದ್ದು ನಿಂತು ಕಂಪ್ಯೂಟರಿಗೆ ಕೈ ತೋರಿಸಿ ಬೈದ ಬೈಗುಳ ಇಲ್ಲಿ ಹೇಳುವಂಥದ್ದಲ್ಲ. ಅದನ್ನು ಬಿಡಿಸಿಕೊಳ್ಳಲು ಹಡಗು ಕಟ್ಟಿಸಿ ಹೊರಟರು. ದಾರಿಯಲ್ಲಿರುವಾಗಲೇ ಆಟ ತಾನಾಗಿ ನಿಂತು ಏನೋ ಪಟ್ಟಿ ತೋರಿಸಿತು. "ಟರ್ನೆಲ್ಲಾ ಮುಗೀತು ತಾತ. ಆಟ ಇಷ್ಟೇ. ಕೆಂಪಿನವರು ಗೆದ್ರು" ಅಂದಳು ಪವಿ. ಬಾವನಿಗೆ ಅದು ತಲೆಗೇ ಹೋಗಲಿಲ್ಲ. "ನನ್ ಹಡಗು ದಾರೀಲೈತೆ, ಹೊಲದಲ್ಲಿ ಪೈರು ನಿಂತೈತೆ. ಮುಗೀತು ಅನ್ನಕ್ಕೆ ಯಾವನ್ಲಾ ಅವ್ನು?" ಎರಡು ದಿನ ಸರಿಯಾಗಿ ಊಟ ಮಾಡಲಿಲ್ಲ. ನಾನು ತಲೆ ಕೆಡಿಸಿಕೊಳ್ಳಲಿಲ್ಲ, ಹಸಿದರೆ ತಿನ್ನುತ್ತಾರೆ. ಮೂರನೇ ದಿನ ಪವಿ ಹೊಸ ಆಟ ಹೂಡಿದಳು, ತಾತ ಮುದ್ದೆ ತಿಂದರು.

ಈ ಎರಡನೇ ಆಟ ನಡೆಯುತ್ತಿರುವಾಗಲೇ ನಮ್ಮ ಹೊಲಕ್ಕೆ ಫ್ಯಾಕ್ಟರಿ ಜಾಗ ಅಳೆಯುವ ಸರ್ವೆಯವರು ಬಂದು ಕಲ್ಲು ನೆಟ್ಟು ಹೋದರು. ಮನೆಯೂ ಅದರಲ್ಲೇ ಸೇರಿತ್ತು. ಮಗ ಮರಳವಾಡಿಯಲ್ಲಿ ಹೊಸ ಮನೆ ಕಟ್ಟಿಸಿದ. ಯುಗಾದಿ ಕಳೆದ ಮೇಲೆ ಜೆಸಿಬಿ ಬರುತ್ತದೆ, ಅದಕ್ಕೆ ಮುಂಚೆ ಖಾಲಿ ಮಾಡಬೇಕು ಅಂತ ಹೇಳಿದ್ದರು. ಪಾತ್ರೆ ಹೋಯಿತು, ಮಂಚ ಹೋಯಿತು, ದನ ಹೋದವು. ಬಾವ ಮಾತ್ರ ಕುರ್ಚಿಯಿಂದ ಏಳಲಿಲ್ಲ. ಮಗ ಕೇಳಿದಾಗಲೆಲ್ಲ ಒಂದೇ ಮಾತು, "ಆಟ ಮುಗೀಲಿ ಕಣ್ಲಾ, ಬತ್ತೀನಿ." ಕರೆಂಟು ಹೋಗಿ ಡಬ್ಬಿ ಕೂಗಿದರೆ ಆಡಿದ್ದೆಲ್ಲ ಅಳಿಸಿಹೋಗದಂತೆ ಉಳಿಸುವ ಗುಂಡಿ ಒತ್ತಬೇಕಿತ್ತು. ನಾನು ಅಡುಗೆಮನೆಯಿಂದಲೇ "ಬಿರ್ನೆ ಒತ್ತಿ ಬಾವ" ಅಂತ ಕೂಗುತ್ತಿದ್ದೆ. ಹೀಗೆ ಒತ್ತಿ ಒತ್ತಿ ಆಟವೂ ಉಳಿಯುತ್ತಿತ್ತು, ಅವರೂ ಅಲ್ಲೇ ಉಳಿಯುತ್ತಿದ್ದರು. ಮಗ ನನ್ನ ಹತ್ತಿರ ಬಂದು "ಅವ್ವ, ಅಪ್ಪನ್ನ ಕುರ್ಚಿ ಸಮೇತ ಎತ್ಕೊಂಡು ಹೋಗ್ಲಾ? ಊರೋರ ಮುಂದೆ ಹೆಂಗವ್ವ?" ಅಂದ. ಅವನ ಕಣ್ಣು ತುಂಬಿತ್ತು.

ನಾನು ಪವಿಯನ್ನು ಹಿತ್ತಲಿಗೆ ಕರೆದೆ. "ಈ ಹಾಳಾದ್ ಆಟ ಯಾವತ್ತ್ ಮುಗೀತದೆ, ನೆಟ್ಟಗೆ ಹೇಳು."

ಅವಳು ಕಾಲಿನ ಹೆಬ್ಬೆರಳಿನಲ್ಲಿ ಮಣ್ಣು ಕೆರೆದಳು. "ಮುಗಿಯಲ್ಲ ಅಜ್ಜಿ."

"ಮುಗಿಯಲ್ಲ ಅಂದ್ರೆ?"

"ಶುರು ಮಾಡೋವಾಗ ಇಷ್ಟು ಟರ್ನು ಅಂತ ಇಡಬೋದು, ಇಡದೇನೂ ಇರಬೋದು. ತಾತ ಊಟ ಬಿಟ್ರಲ್ಲ, ಅದಕ್ಕೇ ಈ ಸಲ ಇಟ್ಟಿಲ್ಲ. ಎಷ್ಟು ವರ್ಷ ಬೇಕಾದ್ರೂ ಆಡಬೋದು."

"ತಾತಂಗೆ ಗೊತ್ತಾ?"

"ಮೊದಲೇ ಹೇಳಿದೀನಿ."

ನನಗೆ ನಗು ಬಂತು. ಮುದುಕ ಚಪ್ಪಡಿಯ ಮೇಲೆ ಮತ್ತೆ ಬೋರಲು ಮಲಗಿದ್ದಾನೆ, ಅಷ್ಟೇ.

ಹಬ್ಬದ ಹಿಂದಿನ ದಿನ ಮಧ್ಯಾಹ್ನ ಉಳಿದಿದ್ದ ಒಂದೇ ಬಿಂದಿಗೆಯಲ್ಲಿ ನೀರು ಸೇದಿಕೊಂಡು, ಪೊರಕೆ ಹಿಡಿದು ನಡುಮನೆಯ ಬಾಗಿಲಲ್ಲಿ ನಿಂತೆ. "ಬಾವ, ನಾಳೆ ಹಬ್ಬ. ಬೀಜ ಎತ್ತಿ. ಜಗ್ಲಿ ತೊಳೀಬೇಕು" ಅಂದೆ.

ಅವರು ನನ್ನನ್ನೇ ನೋಡಿದರು. ಬಿಂದಿಗೆ ನೋಡಿದರು. "ಥೇಟ್ ನಮ್ಮವ್ವನಂಗೇ ನಿಂತಿದ್ದೀಯಲ್ಲಮ್ಮಿ" ಅಂದರು. ಬಾಯಿಯೊಳಗಿನ ಎಲೆಅಡಿಕೆ ನಿಧಾನವಾಗಿ ಅಗಿದು ಮುಗಿಸಿದರು. ದೂರ ಕಳಿಸಿದ್ದ ಹಡಗುಗಳನ್ನೆಲ್ಲ ಒಂದೊಂದಾಗಿ ವಾಪಸ್ಸು ಕರೆಸಿದರು. ಈ ಸಲವೂ ಖಾಲಿ ಬಿಟ್ಟಿದ್ದ ಗೋಮಾಳದ ಸುತ್ತ ಕಾವಲಿಗೆ ಒಂದಷ್ಟು ಮಾತ್ರ ನಿಲ್ಲಿಸಿದರು. ಅದರ ಆಚೆಗೇ ಕೆಂಪಿನವರ ಹಡಗು ಬಂದು ನಿಂತಿತ್ತು. ಪವಿ ಮೂಲೆಯ ಗುಂಡಿ ಒತ್ತಲು ಕೈ ಚಾಚಿದಳು. ಬಾವ ಅವಳ ಕೈ ಹಿಡಿದುಕೊಂಡರು.

"ನಾವು ಒತ್ತದೆ ಇದ್ರೆ ಅವ್ರು ಅಲ್ಲಾಡಂಗಿಲ್ಲ, ಅಲ್ವಾ ಮಗ?"

"ಇಲ್ಲ ತಾತ. ಇದು ನಮ್ಮ ಸರದಿ."

"ಹಂಗಾದ್ರೆ ಹಿಂಗೇ ಇರ್ಲಿ. ಮುಚ್ಚು ಮಂಕರಿ."

ಆಟ ಉಳಿಸಿ, ಕಂಪ್ಯೂಟರು ಆರಿಸಿ, ಅವರು ಹೊರಗೆ ಬಂದು ನನ್ನ ಕೈಯಿಂದ ಪೊರಕೆ ಕಿತ್ತುಕೊಂಡರು. ಮಾರನೆಯ ವಾರ ಕೆಡವುವ ಜಗುಲಿಯನ್ನು ನಾವಿಬ್ಬರೂ ಉಜ್ಜಿ ಉಜ್ಜಿ ತೊಳೆದೆವು. ನೀರು ನನ್ನ ಸೀರೆಗೆ ಎರಚಿ, ಮುದಿ ವಯಸ್ಸಿನಲ್ಲಿ ಕಳ್ಳನಗೆ ನಕ್ಕರು. ಸಾಯಂಕಾಲ ಟೆಂಪೋದಲ್ಲಿ ಡ್ರೈವರಿನ ಪಕ್ಕ ಕೂತು, ತೊಡೆಯ ಮೇಲೆ ಕರಿ ಡಬ್ಬಿ ಇಟ್ಟುಕೊಂಡು ಹೊರಟರು. ಹಿಂದಕ್ಕೆ ತಿರುಗಿ ನೋಡಿದರೋ ಇಲ್ಲವೋ, ನಾನು ಹಿಂದುಗಡೆ ಕೋಳಿಗಳ ಜೊತೆ ಕೂತಿದ್ದೆ, ನನಗೆ ಕಾಣಲಿಲ್ಲ.

ಹೊಸ ಮನೆಯಲ್ಲಿ ಅವರು ಚೆನ್ನಾಗಿಯೇ ಇದ್ದರು. ಟೀವಿ ನೋಡಿದರು, ಅಂಗಡಿ ಬೀದಿಯಲ್ಲಿ ಜಗಳ ಆಡಿದರು, ಆ ಆಟದ ಸುದ್ದಿಗೆ ಹೋಗಲಿಲ್ಲ. ಅವರು ಹೋಗಿ ಈಗ ಬಹಳ ದಿನವಾಯಿತು. ಪವಿ ಅದೇ ಕಾಂಪೌಂಡುಗಳ ಕಡೆ ಒಂದು ಫ್ಯಾಕ್ಟರಿಯಲ್ಲಿ ಸೂಪರ್‌ವೈಸರು. ಡೇರಿಯಲ್ಲಿ ನಡೆದದ್ದನ್ನು ಅವಳಿಗೆ ಹೇಳಿದಾಗ ಹೊಟ್ಟೆ ಹಿಡಿದುಕೊಂಡು ನಕ್ಕಳು. ಆಮೇಲೆ ಲ್ಯಾಪ್‌ಟಾಪು ತಂದು ನನ್ನ ಮುಂದಿಟ್ಟಳು. ಹಳೇ ಕಂಪ್ಯೂಟರು ಗುಜರಿಗೆ ಹೋದರೂ ಆ ಆಟವನ್ನು ಅವಳು ಎತ್ತಿಟ್ಟುಕೊಂಡಿದ್ದಳಂತೆ. ಎಲ್ಲ ಹಾಗೇ ಇತ್ತು. ಹುಣಸೆಮರದ ಹೊಲ, ಕೆರೆ ಕೆಳಗಿನ ಗದ್ದೆ, ಅವ್ವನ ತೋಟ. ನಡುವೆ ಗೋಮಾಳ, ಯಾರೂ ಮುಟ್ಟದ ಗೋಮಾಳ.

"ಒತ್ಲಾ ಅಜ್ಜಿ? ಒಂದೇ ಒಂದು ಟರ್ನು."

"ಬ್ಯಾಡ ಕಣವ್ವ. ಜಗ್ಲಿ ತೊಳ್ದಾಗೈತೆ" ಅಂದೆ.

ಕೆಂಪಿನವರ ಹಡಗು ಗೋಮಾಳದ ಆಚೆ ನಿಂತೇ ಇತ್ತು, ತನ್ನ ಸರದಿಗೆ ಕಾಯುತ್ತಾ. ಕಾಯಲಿ.