ಕುದಿಸಿದ ಕೌದಿ

ನಮ್ಮ ಬನಹಟ್ಟಿ ನೇಕಾರ ಮನ್ಯಾಗ ಚೊಚ್ಚಲ ಹೆರಿಗಿ ಅಂದ್ರ ತವರಿನ ಹಕ್ಕು. ಏಳು ತಿಂಗಳ ಬಸುರಿ ತಂಗಿ ಬಂದಾಗ ಅವ್ವನ ಕಾಲು ನೆಲದ ಮ್ಯಾಲ ಇರಲಿಲ್ಲ.

ತಂಗಿಯ ಗಂಡ ಕಾರವಾರದ ಕಡೆ ಅಣುಸ್ಥಾವರದಾಗ ಎಲೆಕ್ಟ್ರಿಶಿಯನ್. ಮನಿ ಅಲ್ಲೇ ಹತ್ತರದ ಹಳ್ಳ್ಯಾಗ. ಅವಳ ಅತ್ತಿ ಹುಟ್ಟೋ ಕೂಸಿಗಂತ ಕೌದಿ ಹೊಲಿದು ಕಳಿಸಿದ್ದರು. ಹಳೇ ಸೀರಿ ತುಂಡು, ಸಣ್ಣ ಸಣ್ಣ ಹೊಲಿಗಿ, ಬೆಣ್ಣಿ ಮುಟ್ಟಿದಂಗ ಮೆತ್ತಗ.

ಎದುರು ಮನಿ ಕಾಕು ಅದನ್ನ ಮುಟ್ಟಾಕ ಹೋಗಿ ಕೈ ಹಿಂದಕ್ಕ ತಗೊಂಡಳು. "ಅಯ್ಯ ಯವ್ವಾ, ಅಣುಬಾಂಬಿನ ಊರಿಂದಲ್ಲೇನ ಇದು? ಕೂಸಿಗೆ ಹಾಸಬ್ಯಾಡ್ರಿ!"

"ಬಾಂಬಲ್ಲ ಕಾಕು, ಕರೆಂಟು" ಅಂತ ತಂಗಿ ನಕ್ಕಳು. ನಾನೂ ನಕ್ಕೆ. ಆದ್ರ ತಲ್ಯಾಗ ಹುಳ ಬಿತ್ತು.

ನೂಲಿಗೆ ಬಣ್ಣ ಹಾಕೋ ಮಂದಿ ನಾವು. ಎಂಥಾ ಹೊಲಸಿದ್ರೂ ಕುದಿಸಿದ್ರ ಹೋಗತೈತಿ ಅನ್ನೂದು ನಮ್ಮ ಬುದ್ಧಿ. ತಂಗಿ ದವಾಖಾನಿಗೆ ಹೋದಾಗ ಕೌದಿನ ಬಣ್ಣದ ಹಂಡೇದಾಗ ಹಾಕಿ, ಸೋಡಾ ಸುರುವಿ, ಕುದಿಸೇಬಿಟ್ಟೆ. ಶಾಣ್ಯಾತನ ನೋಡ್ರಿ ನಂದು! ಬಣ್ಣ ಬಿಟ್ಟು, ಹೊಲಿಗಿ ಕಿತ್ತು, ಕೌದಿ ಹೋಗಿ ಅರಿವಿ ಗಂಟಾತು.

ತಂಗಿ ಬಂದು ನೋಡಿದಳು. ಅಳಲಿಲ್ಲ.

"ಅಣ್ಣಾ, ಸ್ಥಾವರ ಬರತೈತಿ ಅಂತ ನಮ್ಮತ್ತಿಯವರನ್ನ ಅವರ ಊರಿಂದ ಎಬ್ಬಿಸಿದ್ರು. ಆ ಊರಾಗ ಉಟ್ಟ ಸೀರಿ ಇವು. ನಿನ್ನ ಮಗ್ಗಕ್ಕ ನಮ್ಮ ಕಡೆ ಕರೆಂಟ್ ಬೇಕು, ನನ್ನ ಕೂಸಿಗೆ ನಮ್ಮ ಕಡೆ ಕೌದಿ ಬ್ಯಾಡೇನು?"

"ಅಂಜಿಕಿ ಆತವಾ" ಅಂದೆ.

"ನನಗ ಆಗೂದಿಲ್ಲೇನು? ತಾಲೀಮಿಗಂತ ಸೈರನ್ ಕೂಗಿದಾಗೊಮ್ಮೆ ಎದಿ ಝಲ್ ಅಂತೈತಿ. ಆದ್ರ ನನ್ನ ಮನಿ ಅಲ್ಲೈತಿ. ಅಲ್ಲಿನ ನೀರು, ಅಲ್ಲಿನ ಅನ್ನದಾಗ ಬೆಳದದ್ದು ಈ ಕೂಸು. ಹುಟ್ಟಿದ ಮ್ಯಾಲ ಇದನ್ನೂ ಕುದಸ್ತೀಯೇನು?"

ಮರುದಿನ ಮುಂಜಾನಿ ಆಕಿ ಚೀಲ ಕಟ್ಟಿದಳು. ಅವ್ವ ಬಾಗಿಲಿಗೆ ಅಡ್ಡ ನಿಂತು ಅತ್ತಳು, ಮಗಳ ಕಾಲು ಹಿಡಿಯೂದೊಂದು ಬಾಕಿ. ತಂಗಿ ಅವ್ವನ ಕೈಗೆ ಮುತ್ತು ಕೊಟ್ಟು ಕಾರವಾರದ ಬಸ್ ಹತ್ತಿದಳು.

ಕೂಸು ಅಲ್ಲೇ ಹುಟ್ಟಿತು. ಹೆಣ್ಣು, ಗುಂಡುಗುಂಡಗ ಛಲೋ ಐತಿ. ಅವ್ವ ಅಲ್ಲಿಗೇ ಹೋಗಿ ಬಾಣಂತನ ಮಾಡಿ ಬಂದಳು. ಅವಳಿಗೆ ಅಂಜಿಕಿ ಬರಲಿಲ್ಲ, ಮಗಳ ಮುಂದ ಯಾವ ಅಂಜಿಕಿ?

ಸೋದರಸೊಸೀನ ಕರ್ಕೊಂಡು ಬಾ ಅಂತ ನಾ ಫೋನ್ ಮಾಡಿದಾಗೊಮ್ಮೆ ತಂಗಿ ಅದನ್ನೇ ಅಂತಾಳ: "ಮೊದಲ ನೀ ಬಂದು ನಮ್ಮ ಮನ್ಯಾಗ ಒಂದು ತುತ್ತು ಉಣ್ಣು. ಆಮ್ಯಾಲ ನಾವು ಬರ್ತೀವಿ."

ಮಗ್ಗದ ಕೆಲಸ ಭಾಳ ಐತವಾ ಅಂತೀನಿ. ಎರಡು ವರ್ಷ ಆತು. ಸುಳ್ಳಂತ ಆಕಿಗೂ ಗೊತ್ತೈತಿ.