ನೀರಿನ ಬಣ್ಣ

ಲಿಫ್ಟ್ ರಿಪೇರಿಯವನು ಗ್ರೀಸ್ ಡಬ್ಬ ತೆರೆದ ಕೂಡಲೇ ನನಗೆ ಸದಾನಂದಣ್ಣನ ಬೆನ್ನು ನೆನಪಾಯಿತು, ನೋಡಿ. ಮುಂಬಯಿ ಪಕ್ಕದ ನಮ್ಮ ಡೊಂಬಿವಲಿ ಕಟ್ಟಡದ ಮೊದಲ ಮಹಡಿಯವರು, ಉಡುಪಿ ಕಡೆಯವರು, ಬೇಲಾಪುರದಲ್ಲಿ ಗುಮಾಸ್ತರಾಗಿದ್ದರು. ನೀರು ಉಳಿಸಿ ಎಂದು ಜನರಿಗೆ ಹೇಳಲು ಉಲ್ಹಾಸ್ ನದಿಯಲ್ಲಿ ಮೈಲಿಗಟ್ಟಲೆ ಈಜುತ್ತಿದ್ದರು. ಇಳಿಯುವ ಮೊದಲು, ನೀರಿನ ಚಳಿ ತಾಗದಿರಲೆಂದು, ಮೈಗೆಲ್ಲ ಗ್ರೀಸ್. ನನಗೆ ಆಗಷ್ಟೇ ಎಂ.ಎಸ್ಸಿ. ಮುಗಿದಿತ್ತು. ಈಜಿದರೆ ನೀರು ಹೇಗೆ ಉಳಿಯುತ್ತದೆ ಎಂದು ವಾದಿಸುತ್ತಲೇ, ಹಿಂದಿನ ದೋಣಿಯಲ್ಲಿ ‘ಪಾಣಿ ವಾಚವಾ’, ಅಂದರೆ ನೀರು ಉಳಿಸಿ, ಎಂಬ ಮರಾಠಿ ಬ್ಯಾನರ್ ಹಿಡಿದು ಕೂತಿರುತ್ತಿದ್ದೆ. ವಾದಕ್ಕಿಂತ ದೋಣಿಯ ವಡಾಪಾವ್ ಮುಖ್ಯವಾಗಿತ್ತೇನೋ.

ಕೊನೆಯ ಸಲ, ಕಲ್ಯಾಣದ ಹತ್ತಿರ ಕೊಳಚೆ ನಾಲಾ ಬಂದು ಸೇರುವಲ್ಲಿ, ದೋಣಿಯಲ್ಲಿದ್ದ ಫೋಟೋದವನು ಕೂಗಿದ: “ಕಾಕಾ, ಚಷ್ಮಾ ಕಾಢಾ! ಚೆಹರಾ ದಿಸತ್ ನಾಹೀ!”

ಪೇಪರಿನಲ್ಲಿ ಮುಖ ಕಾಣಲೆಂದು ಸದಾನಂದಣ್ಣ ಈಜುವ ಕನ್ನಡಕವನ್ನು ಹಣೆಗೇರಿಸಿ ನಕ್ಕರು. ಅಷ್ಟರಲ್ಲಿ ದೋಣಿ ಎಬ್ಬಿಸಿದ ಅಲೆ ಮುಖಕ್ಕೆ ಹೊಡೆಯಿತು.

ಕಣ್ಣು ಬಿಡಲಾಗದವರನ್ನು ರಿಕ್ಷಾದಲ್ಲಿ ಕರೆತಂದೆವು. ಶುದ್ಧ ನೀರಲ್ಲಿ ತೊಳೆಯುತ್ತಲೇ ಇರಿ ಎಂದಿದ್ದರು ಡಾಕ್ಟರು. ಅವತ್ತು ನಲ್ಲಿ ಬಂದ್. ಅವರ ಹೆಂಡತಿ ಶಾರದಕ್ಕ ತುಂಬಿಸಿಟ್ಟ ಡ್ರಮ್ ಖಾಲಿಯಾಯಿತು. ಮೇಲಿನ ಮನೆಗಳಿಂದ ಬಾಲ್ದಿಗಳು ಇಳಿದು ಬಂದವು.

“ಸಾಕು ಮಾರಾಯ್ತಿ, ಪಾಪ, ಮೇಲಿನವರಿಗೆ ನಾಳೆಗೆ ಬೇಡವಾ?”

“ನೀವು ಬಾಯಿ ಮುಚ್ಚಿ, ಕಣ್ಣು ಬಿಡಿ!”

“ವಾಚವಾ ಆತಾ ಪಾಣಿ!” ಎಂದು ಎದುರುಮನೆಯ ಮರಾಠಿ ಹೆಂಗಸು, ನಮ್ಮೆಲ್ಲರ ಕಾಕು, ಬ್ಯಾನರಿನ ಮಾತನ್ನೇ ಅಣಕಿಸಿದರು. ಹಾಗನ್ನುತ್ತಲೇ ತಮ್ಮ ತಂಬಿಗೆಯ ನೀರನ್ನೂ ಸುರಿದರು.

ಎಡಗಣ್ಣು ಉಳಿಯಿತು. ಬಲಗಣ್ಣು ನಿಧಾನವಾಗಿ ಮಂಜಾಗುತ್ತ ಹೋಯಿತು. ಸಕ್ಕರೆ ಕಾಯಿಲೆಯಿಂದ ಎಂದರು ವೈದ್ಯರು. ನದಿಯೇ ಕಾರಣ ಎನ್ನಲು ಪುರಾವೆಯಿಲ್ಲ ಎಂದು ನಾನೂ ತಲೆಯಾಡಿಸಿದ್ದೆ. ಅವರು ಮತ್ತೆ ನೀರಿಗಿಳಿಯಲಿಲ್ಲ.

ಇವತ್ತು ಲಿಫ್ಟ್ ಇಲ್ಲದೆ ಮೆಟ್ಟಿಲಿಳಿಯುವಾಗ ಅವರ ಬಾಗಿಲು ತೆರೆದಿತ್ತು.

“ಯಾರು, ನೀನಾ? ಒಂದು ಕೇಳ್ಬೇಕಿತ್ತು. ಆ ದಿನ ನೀರು ಯಾವ ಬಣ್ಣ ಇತ್ತು? ಪೇಪರಿನ ಫೋಟೋದಲ್ಲಿ ಎಲ್ಲ ಬೂದಿ ಬಣ್ಣವೇ. ಶಾರದ ಹೇಳ್ತಾಳೆ, ಕಣ್ಣು ಹೋದದ್ದು ನಿಮ್ಮ ಸಕ್ಕರೆಯಿಂದಲೇ ಅಂತ. ಮಗಳು ‘ಪಪ್ಪಾ, ಛೋಡೋ ನಾ’ ಅಂತಾಳೆ. ದೋಣಿಯಲ್ಲಿ ನೀನಿದ್ದಿಯಲ್ಲ?”

ನೆನಪಿಸಿಕೊಂಡೆ. ಬಾಲ್ದಿಗಳು ಕಂಡವು: ನೀಲಿ, ಕೆಂಪು, ಹಿಡಿ ಮುರಿದ ಹಸಿರು. ನದಿ ಮಾತ್ರ ಬಣ್ಣವಿಲ್ಲದೆ ಹರಿಯಿತು. ನಾನು ಕಂಡದ್ದೆಷ್ಟು, ಆಮೇಲೆ ಎಲ್ಲೆಲ್ಲೋ ಓದಿ ಅದಕ್ಕೆ ಬಳಿದದ್ದೆಷ್ಟು? ಪ್ರಾಮಾಣಿಕವಾಗಿ ಹೇಳಬಹುದಾದ ಮಾತು ಒಂದೇ: ಗೊತ್ತಿಲ್ಲ.

ಅವರು ಕಾಣುವ ಕಣ್ಣನ್ನು ನನ್ನತ್ತ ತಿರುಗಿಸಿ ಕಾದರು.

“ಕಪ್ಪು,” ಎಂದೆ.

“ಹೌದಲ್ವಾ?” ಎಂದವರೇ ಒಳಗೆ ತಿರುಗಿ ಕೂಗಿದರು, “ಶಾರದಾ, ಕೇಳಿತಾ? ನೋಡಿದವ ಹೇಳ್ತಾ ಇದ್ದಾನೆ!”

ಒಳಗೆ ಶಾರದಕ್ಕ ನಲ್ಲಿ ತಿರುಗಿಸಿದರು. ನಾನು ತಿದ್ದಲಿಲ್ಲ.